ತಣ್ಣನೆ ಕಲ್ಲಿನ ಮೇಲೆ ಹೊರಿಸಿದ ತಪ್ಪು

ರಾದಿಶಾ,

ನಾನೂ ನಿನ್ನ ಅಮ್ಮನೂ ಆಸ್ಪತ್ರೆಗೆ ಹೊರಟೆವು. ಹುರುಳಿಕಾಯಿ ಬೀಜದ ಸಾರು ಒಲೆ ಮೇಲಿದೆ. ಮೇಕೆಗೆ ನೀರಿಡು.

ನನಗೆ ಮೂತ್ರ ಕಟ್ಟಿದಾಗೆಲ್ಲ, ಮೊರಾವಾ ನದಿ ದಂಡೆಯ ತಣ್ಣನೆ ಕಲ್ಲಿನ ಮೇಲೆ ಗಾಳ ಹಾಕಿ ಕೂತಿದ್ದಕ್ಕೇ ಅಂದುಕೊಂಡೆವು. “ಕಲ್ಲಿನ ಮೇಲೆ ಕೂರಬೇಡ ಅಂದ್ರೆ ಕೇಳ್ತೀಯಾ, ಮುದುಕಾ?” ಅಂತ ಬೈಯುತ್ತಲೇ ಅಮ್ಮ ಕಾವು ತಗೊಳ್ಳಲು ಇಟ್ಟಿಗೆ ಬಿಸಿ ಮಾಡಿ ಕೊಡುತ್ತಿದ್ದಳು. ಎರಡು ಚಳಿಗಾಲ ಹಾಗೇ ಹೋಯಿತು.

“ಪ್ರಾಸ್ಟೇಟ್ ಗ್ರಂಥಿಯೊಳಗೇ ಇದ್ದಾಗ ಬಂದಿದ್ರೆ ವಾಸಿಯಾಗ್ತಿತ್ತು ಅಜ್ಜಾ, ಈಗ ಕ್ಯಾನ್ಸರ್ ಮೂಳೆಗೆ ಇಳಿದಿದೆ,” ಅಂದರು ಮೊನ್ನೆ ಡಾಕ್ಟರಮ್ಮ. ಅಮ್ಮನೆದುರು ಇಟ್ಟಿಗೆ ಮಾತು ಎತ್ತಬೇಡ, ಅಳುತ್ತಾಳೆ.

ಅಪ್ಪನಿಗೆ ಬಂದರೆ ಮಗನಿಗೂ ಬರುವ ಭಯ ಹೆಚ್ಚಂತೆ. ನಿನಗೂ ಐವತ್ತಾಗುತ್ತ ಬಂತು. ಸೋಮವಾರವೇ ರಕ್ತ ಪರೀಕ್ಷೆ ಮಾಡಿಸು. “ನನಗೇನೂ ನೋವಿಲ್ಲ” ಅನ್ನುತ್ತೀಯ. ಮೊದಮೊದಲು ನನಗೂ ಇರಲಿಲ್ಲ ಕಣಪ್ಪಾ.

ಅಪ್ಪ