ಸೇತುವೆಯ ಬಳಿ ಹೇಳಿದ ಕಥೆ

ಬ್ರೂಜ್, ಗುರುವಾರ

ಹಿಲ್ಟ್ಯೆ ಅಕ್ಕಾ,

ಮರಳಿ ಬಾ ಎಂದು ವೋಲ್ಟರ್ ಬರೆದಿದ್ದನಲ್ಲ, ಅವನಿಗೆ ತಿಳಿಸದೆ ಒಂದು ದಿನ ಮೊದಲೇ ಬಂದೆ. ಅವನು ಊರು ತೋರಿಸುವ ಸೈಕಲ್ ಪ್ರವಾಸಕ್ಕೆ ಯಾವುದೋ ಸುಳ್ಳು ಹೆಸರಿನಲ್ಲಿ ಟಿಕೆಟ್ ಕೊಂಡೆ. ಪ್ರವಾಸಿಗರಿಗೆ ಹೆಲ್ಮೆಟ್ ಕಡ್ಡಾಯ. ಹುಟ್ಟಿನಿಂದ ಬರಿತಲೆಯಲ್ಲೇ ಸೈಕಲ್ ತುಳಿಯುವ ನಮ್ಮಂಥ ಡಚ್ ಹೆಂಗಸೊಬ್ಬಳು ಹೆಲ್ಮೆಟ್ ಹಾಕಿಯಾಳೆಂದು ಅವನು ಕನಸಿನಲ್ಲೂ ಎಣಿಸಲಾರ. ಮಳೆಯಂಗಿಯೂ ಇತ್ತು, ನನ್ನನ್ನು ಯಾರೋ ಜರ್ಮನ್ ಹೆಂಗಸೆಂದುಕೊಂಡ.

ಕಾಲುವೆಯ ಸಣ್ಣ ಸೇತುವೆಯ ಬಳಿ ಎಲ್ಲರನ್ನೂ ನಿಲ್ಲಿಸಿದ.

"ಮದ್ವೆ ಆಗ್ತೀಯಾ ಅಂತ ನಮ್ಮವಳನ್ನ ಕೇಳಿದ್ದು ಇಲ್ಲೇ. ತಾಳು, ಮೊದ್ಲು ಫ್ರೈಸ್ ತಿಂದು ಮುಗಿಸ್ತೀನಿ ಅಂದ್ಲು."

ಎಲ್ಲರೂ ನಕ್ಕರು. ಅದು ನಿಜವಾದ್ದರಿಂದ ನಾನೂ ನಕ್ಕೆ.

"ಈಗೆಲ್ಲಿದಾರಪ್ಪ ನಿಮ್ಮನೆಯವ್ರು?" ಎಂದು ಆಂಟ್ವರ್ಪಿನ ಅಜ್ಜಿಯೊಬ್ಬರು ಕೇಳಿದರು.

"ತೀರ್ಕೊಂಡ್ಲು ಅಮ್ಮಾ. ನಾಲ್ಕು ವರ್ಷ ಆಯ್ತು."

ಟೋಪಿ ತೆಗೆದು ತಲೆ ತಗ್ಗಿಸಿದ. ಎಷ್ಟು ಹೊತ್ತು ತಗ್ಗಿಸಬೇಕೆಂಬುದು ಅವನಿಗೆ ರೂಢಿಯಾಗಿದೆ. ನಾನು ಅವನನ್ನು ಬಿಟ್ಟು ನಿನ್ನ ಮನೆಗೆ ಬಂದು ನಾಲ್ಕು ವರ್ಷ. ವರ್ಷದ ಲೆಕ್ಕವನ್ನು ಮಾತ್ರ ಸರಿಯಾಗಿ ಹೇಳಿದ.

ಅಜ್ಜಿ ಅವನ ಬೆನ್ನು ಸವರಿ, "ಎಂಥಾ ಗಂಡ ನೋಡಮ್ಮ, ಪಾಪ" ಎಂದು ನನಗೇ ಹೇಳಿದರು. ತಲೆಯಾಡಿಸಿದೆ.

ಕೊನೆಯಲ್ಲಿ ಹೆಲ್ಮೆಟ್ ಬಿಚ್ಚಿ ಅವನ ಕೈಗೇ ಕೊಟ್ಟೆ. ನನ್ನ ಮುಖ ನೋಡಿ, "ಆಫ್ಕೆ, ನಿಲ್ಲು, ಮಾತಾಡೋಣ" ಎಂದ.

"ಬಿಡು, ಸತ್ತೋಳ ಹತ್ರ ಏನು ಮಾತು" ಎಂದು ಹೊರಟುಬಂದೆ.

ಕಲ್ಲುಹಾಸಿನ ಬೀದಿಗಳಲ್ಲಿ ಸೈಕಲ್ ತುಳಿದು ಮಂಡಿ ಊದಿದೆ, ಬೇರೇನಿಲ್ಲ. ನಾಳೆ ಸಂಜೆಯ ರೈಲಿಗೆ ಬರುತ್ತೇನೆ. ನನ್ನ ಕೋಣೆಯನ್ನು ಬೇರೆಯವರಿಗೆ ಕೊಡುವುದಾಗಿ ಮಾತಾಡಿದ್ದೆಯಲ್ಲ, ಆಗುವುದಿಲ್ಲವೆಂದು ಅವರಿಗೆ ಹೇಳಿಬಿಡು.

ಆಫ್ಕೆ