ಕಾರಿನ ಮೂಗುದಾರ

ಗುರುವಾರ, ಮಾರ್ಚ್ ೧೪. ರಾತ್ರಿ.

ಕಾರು ಎಂಬತ್ತು ಕಿಲೋಮೀಟರ್ ದಾಟಲೊಲ್ಲದು. ಇವತ್ತಿನ ತಲೆನೋವು ಇದೇ.

ತಮ್ಮನ ಮಗಳು ತನ್ನ ಗ್ಯಾರೇಜಿನಲ್ಲಿ ಲ್ಯಾಪ್‌ಟಾಪ್ ಸಿಕ್ಕಿಸಿ, ಎಂಜಿನ್ನಿನ ಸಾಫ್ಟ್‌ವೇರ್ ತಿದ್ದಿಕೊಟ್ಟಳು. ಕಾರು ಹಗ್ಗ ಹರಿದ ಹೋರಿಯಂತೆ ನುಗ್ಗಿತು. ನನ್ನಂಥ ಡ್ರೈವರ್ ಸುತ್ತ ಏಳೂರಲ್ಲಿಲ್ಲ ಎಂದು ಮೀಸೆ ತಿರುವುತ್ತ ಹೆದ್ದಾರಿಗೆ ಇಳಿದರೆ, ಎಂಬತ್ತಕ್ಕೆ ಮುಳ್ಳು ನಿಂತೇಬಿಟ್ಟಿತು. ಎಷ್ಟು ತುಳಿದರೂ ಅಷ್ಟೇ.

ಫೋನ್ ಮಾಡಿ ರೇಗಿದೆ. "ನಾನು ಕೇಳಿದ್ದು ಶಕ್ತಿ ಕಣೇ, ಮೂಗುದಾರ ಅಲ್ಲ!"

"ಶಕ್ತಿ ಕೊಟ್ಟಿದೀನಲ್ಲ ದೊಡ್ಡಪ್ಪ. ಮೂಗುದಾರ ಹಾಕ್ಸಿದ್ದು ದೊಡ್ಡಮ್ಮ. ಬೇಡ ಅಂದ್ರೆ ನಾಳೆನೇ ಬಿಚ್ತೀನಿ."

ನನ್ನ ಹೆಂಡತಿಯೇ? ಇಷ್ಟು ವರ್ಷ ನಾನು ಜೋರಾಗಿ ಓಡಿಸಿದಾಗಲೆಲ್ಲ ಪಕ್ಕದಲ್ಲಿ ಕೂತು ನಗುತ್ತಿದ್ದವಳು. ನನ್ನ ಕೈಚಳಕ ಮೆಚ್ಚಿ ನಗುತ್ತಾಳೆಂದು ನಾನು ಇನ್ನೂ ತುಳಿಯುತ್ತಿದ್ದೆ.

ಊಟಕ್ಕೆ ಕೂತಾಗ ಕೇಳಿದೆ. "ಹೆದರಿಕೆ ಆಗ್ತಿತ್ತೇನೇ?"

"ಹೂಂ. ಜೀವ ಬಾಯಿಗೆ ಬರ್ತಿತ್ತು."

"ಬಾಯಿಬಿಟ್ಟು ಹೇಳೋಕೇನಾಗಿತ್ತು?"

"ಹೇಳಿದ್ರೆ ನೀವು ಇನ್ನೂ ತುಳೀತಿದ್ರಿ."

ತುಳಿಯುತ್ತಿದ್ದೆ, ಹೌದು.

ಮೂಗುದಾರ ಇರಲಿ. ಎಂಬತ್ತರಲ್ಲಿ ಓಡಿಸುವುದರಲ್ಲೂ ನನ್ನನ್ನು ಮೀರಿಸುವವನಿಲ್ಲ. ಭಾನುವಾರ ಅವಳನ್ನು ಕೂರಿಸಿಕೊಂಡು ದೂರ ಹೋಗಿ ನೋಡಬೇಕು. ನನ್ನ ಕಾರಿನಲ್ಲಿ ಅವಳು ಇದುವರೆಗೆ ಒಮ್ಮೆಯೂ ನಿದ್ದೆ ಹೋದವಳಲ್ಲ.