ಮಾಜಿ ಮಂತ್ರಿಯ ಉತ್ತರ

ಗುರುವಾರ, ೧೩ ನವೆಂಬರ್ ೨೦೨೫, ರಾಮದುರ್ಗ

ನಾಲಿಗೆ ಇವತ್ತು ಮತ್ತೆ ಕೈಕೊಟ್ಟಿತು. ಟಿವಿ ಚರ್ಚೆಗೆ ಮನೆಯಿಂದಲೇ ಕೂತಿದ್ದೆ. ನಮ್ಮ ಭಾಗದ ಕೆರೆ ತುಂಬಿಸುವ ಯೋಜನೆ ಏಕೆ ನಿಂತಿದೆ ಎಂದು ನಿರೂಪಕಿ ಪೂನಮ್ ಕೇಳಿದಳು. ನಾನು ಸದನದಲ್ಲಿ ನಿಂತವನ ಹಾಗೆ, ‘ಮಾನ್ಯ ಸಭಾಧ್ಯಕ್ಷರೇ, ಪರಿಶೀಲಿಸಿ ಕ್ರಮ ಕೈಗೊಳ್ಳಲಾಗುವುದು’ ಎಂದುಬಿಟ್ಟೆ. ಚುನಾವಣೆ ಸೋತು ಎರಡೂವರೆ ವರ್ಷವಾಯಿತು!

ಅವಳು ನಕ್ಕಳು. ‘ಕ್ರಮ ಯಾರು ತಗೋತಾರೆ ಸರ್? ನೀವೀಗ ನಮ್ಮ ವಿಶ್ಲೇಷಕರು.’

ಸಿಟ್ಟು ಬಂತು, ಅವಳ ಮೇಲಲ್ಲ. ಅದೇ ವಾಕ್ಯವನ್ನು ಎಷ್ಟು ಅರ್ಜಿಗಳ ಮೇಲೆ ಬರೆಸಿದ್ದೇನೋ! ಹೇಳಿಯೇಬಿಟ್ಟೆ. ಮತದಾನ ಹತ್ತಿರ ಬಂತೆಂದು, ಜಮೀನು ಸಿಗುವ ಮೊದಲೇ ಅಡಿಗಲ್ಲು ಹಾಕಿದವನು ನಾನು. ಅಧಿಕಾರಿಗಳು ಬೇಡವೆಂದಿದ್ದರು. ತಪ್ಪು ನನ್ನದೇ. ಪೂನಮ್ ಅವಸರದಲ್ಲಿ ಜಾಹೀರಾತಿನ ವಿರಾಮ ಘೋಷಿಸಿದಳು.

ಚರ್ಚೆ ಮುಗಿದ ಕೂಡಲೇ ಪಕ್ಷದ ಇಬ್ಬರು ಫೋನ್ ಮಾಡಿ ಬೈದರು. ಮೂರನೆಯ ಫೋನ್ ಸಾಲಹಳ್ಳಿಯ ಜಟ್ಟೆಪ್ಪನದು. ನಾನು ಮಂತ್ರಿಯಾಗಿದ್ದಾಗ ಆ ಕೆರೆಗಾಗಿ ಅರ್ಜಿ ಹಿಡಿದು ಬರುತ್ತಲೇ ಇದ್ದ ರೈತ. ಬೈಗುಳಕ್ಕೆ ತಯಾರಾಗಿಯೇ ಎತ್ತಿಕೊಂಡೆ.

‘ಸಾಹೇಬ್ರ, ಟಿವಿ ನೋಡಿದ್ನಿರಿ. ನಿಮ್ಮ ಆಫೀಸಿನ ಕಾಗದ ಹದಿನಾರು ಅದಾವ ನನ್ನ ಕಡೆ. ಉತ್ತರ ಅಂತ ಬಂದದ್ದು ಇವತ್ತಿಂದು ಒಂದರಿ.’

ನೀರು ಇನ್ನೂ ಬಂದಿಲ್ಲ, ಅದು ಗೊತ್ತು. ಆದರೂ ಪ್ರಮಾಣವಚನದ ದಿನ ಕೂಡ ಎದೆ ಹೀಗೆ ಉಬ್ಬಿರಲಿಲ್ಲ. ಊಟಕ್ಕೆ ಕೂತಾಗ ಹೆಂಡತಿ ರಾಜೇಶ್ವರಿಗೆ ಜಟ್ಟೆಪ್ಪನ ಮಾತನ್ನು ಮೂರು ಸಲ ಹೇಳಿದೆ. ಮೂರನೆಯ ಸಲ ಅವಳು ರೊಟ್ಟಿ ಹಾಕುತ್ತ ಅಂದಳು:

‘ಸೋತ ಮ್ಯಾಲ ಮಂತ್ರಿ ಆದ್ರಿ ನೋಡ್ರಿ.’